ಥ್ರೆಡ್ ಹೋದರೆ ಹೆಡ್ಡೇ ಹೋಗಬೇಕೆ?

ಹಳೆಯ ಕಾರಿನ ಎಂಜಿನ್ನಿನಲ್ಲಿ ಒಂದು ಬೋಲ್ಟಿನ ಥ್ರೆಡ್ ಹೋಯಿತೆಂದರೆ ಮಾಲೀಕರ ಮುಂದೆ ಸಾಮಾನ್ಯವಾಗಿ ಎರಡೇ ದಾರಿಗಳು ಇರುತ್ತವೆ. ದೊಡ್ಡ ಸರ್ವಿಸ್ ಸೆಂಟರಿಗೆ ಹೋದರೆ ಸಿಲಿಂಡರ್ ಹೆಡ್ಡನ್ನೇ ಬದಲಿಸುವ ಅಂದಾಜುಪಟ್ಟಿ ಕೈಗೆ ಬರುತ್ತದೆ. ಬೀದಿಬದಿಯ ಗ್ಯಾರೇಜಿಗೆ ಹೋದರೆ ಟೆಫ್ಲಾನ್ ಟೇಪು ಸುತ್ತಿ, ಎಪಾಕ್ಸಿ ಮೆತ್ತಿ, ಇಲ್ಲವೇ ಒಂದು ಸೈಜು ದಪ್ಪದ ಬೋಲ್ಟನ್ನು ತುರುಕಿ ಸದ್ಯಕ್ಕೆ ಸಾಗಹಾಕುವ ಉಪಾಯ ಸಿಗುತ್ತದೆ. ಮೊದಲನೆಯದು ದುಂದು, ಎರಡನೆಯದು ಅಪಾಯ. ಆದರೆ ಮೂರನೆಯ ದಾರಿಯೊಂದಿದೆ. ಹಾಳಾದ ತೂತನ್ನು ಅಳತೆಗೆ ತಕ್ಕಂತೆ ಕೊರೆದು, ಹೊಸದಾಗಿ ಟ್ಯಾಪ್ ಹೊಡೆದು, ಉಕ್ಕಿನ ಥ್ರೆಡ್ ಇನ್ಸರ್ಟ್ (ಒಳಗೆ ಬೋಲ್ಟಿನ ಸುತ್ತುಗಳಿರುವ ತಂತಿಯ ಸುರುಳಿ ಅಥವಾ ಗಟ್ಟಿ ಬುಷ್) ಕೂರಿಸಿ ಬೋಲ್ಟಿಗೆ ಮೂಲ ಅಳತೆಯ ಹಿಡಿತವನ್ನೇ ಮರಳಿ ಕೊಡುವುದು. ಕ್ರಮಬದ್ಧವಾಗಿ ಮಾಡಿದರೆ ಇದು ತಾತ್ಕಾಲಿಕ ತೇಪೆಯಲ್ಲ, ಪೂರ್ಣ ಪ್ರಮಾಣದ ಎಂಜಿನಿಯರಿಂಗ್ ದುರಸ್ತಿ. ಇದಕ್ಕೆ ನಮ್ಮ ಗ್ಯಾರೇಜುಗಳಲ್ಲಿ, ತರಬೇತಿ ಕೇಂದ್ರಗಳಲ್ಲಿ, ಸರ್ವಿಸ್ ಸೆಂಟರುಗಳ ದರಪಟ್ಟಿಯಲ್ಲಿ ಸರಿಯಾದ ಜಾಗ ಸಿಗಬೇಕು ಎಂಬುದು ಈ ಲೇಖನದ ವಾದ.

ಥ್ರೆಡ್ ಏಕೆ ಹಾಳಾಗುತ್ತದೆ ಎಂದು ತಿಳಿದರೆ ಅರ್ಧ ಗೊಂದಲ ಅಲ್ಲೇ ಕಳೆಯುತ್ತದೆ. 1983ರ ಡಿಸೆಂಬರ್‌ನಿಂದ 2014ರ ಜನವರಿಯವರೆಗೆ ತಯಾರಾದ ಮಾರುತಿ 800 ಸೇರಿದಂತೆ ನಮ್ಮ ರಸ್ತೆಯ ಬಹುಪಾಲು ಹಳೆಯ ಕಾರುಗಳ ಸಿಲಿಂಡರ್ ಹೆಡ್ ಅಲ್ಯೂಮಿನಿಯಂ ಮಿಶ್ರಲೋಹದ್ದು, ಅದಕ್ಕೆ ಬಿಗಿಯುವ ಬೋಲ್ಟು ಉಕ್ಕಿನದು. ಎರಡು ಲೋಹಗಳ ಈ ಜೋಡಿಯಲ್ಲಿ ಸೋಲುವುದು ಯಾವಾಗಲೂ ಮೆತ್ತಗಿನದೇ. ಕಾವೇರಿದಾಗ ಅಲ್ಯೂಮಿನಿಯಂ ಉಕ್ಕಿಗಿಂತ ಸರಿಸುಮಾರು ಎರಡು ಪಟ್ಟು ಹಿಗ್ಗುತ್ತದೆ. ತೇವ ತಾಗಿದರೆ ಇವೆರಡರ ನಡುವೆ ವಿದ್ಯುತ್ ರಾಸಾಯನಿಕ ಕ್ರಿಯೆ ನಡೆದು ಅಲ್ಯೂಮಿನಿಯಂ ಸವೆದು ಬಿಳಿ ಪುಡಿಯಾಗುತ್ತದೆ, ಬೋಲ್ಟು ಕಚ್ಚಿಕೊಳ್ಳುತ್ತದೆ. ಇದರ ಮೇಲೆ ಮನುಷ್ಯರ ಕೈಬಲ ಸೇರುತ್ತದೆ. ಅಲ್ಯೂಮಿನಿಯಮ್ಮಿಗೆ ಹಾಕುವ 8 ಮಿಲಿಮೀಟರ್ ಬೋಲ್ಟಿಗೆ ಸಾಮಾನ್ಯವಾಗಿ 20ರಿಂದ 25 ನ್ಯೂಟನ್ ಮೀಟರ್ ಬಿಗಿ ಸಾಕು. 25 ಸೆಂಟಿಮೀಟರ್ ಉದ್ದದ ಪಾನಾ ಹಿಡಿದು 20 ಕಿಲೋ ತೂಕದಷ್ಟು ಬಲ ಬಿಟ್ಟರೆ ಅದು 50ರ ಹತ್ತಿರ ಹೋಗುತ್ತದೆ. ಪಾನಾಕ್ಕೆ ಪೈಪು ಸಿಕ್ಕಿಸಿದರಂತೂ ಲೆಕ್ಕವೇ ತಪ್ಪಿತು. ಹಳೆಯ ಅಂಬಾಸಡರ್‌ಗಳಲ್ಲಿ ಇನ್ನೊಂದು ತೊಡಕಿದೆ. ಬ್ರಿಟಿಷ್ ಮೂಲದ ಆ ಎಂಜಿನ್ನಿನಲ್ಲಿ ಇಂಚಿನ ಅಳತೆಯ ಥ್ರೆಡ್‌ಗಳಿದ್ದವು. 5/16 ಇಂಚಿನ ಬೋಲ್ಟಿನ ವ್ಯಾಸ 7.94 ಮಿಲಿಮೀಟರ್, ಅಂದರೆ 8 ಮಿಲಿಮೀಟರ್ ಬೋಲ್ಟಿನಷ್ಟೇ ಕಾಣುತ್ತದೆ. ಆದರೆ ಅದರ ಸುತ್ತಿನಿಂದ ಸುತ್ತಿಗೆ ಇರುವ ಅಂತರ ಸುಮಾರು 1.06 ಮಿಲಿಮೀಟರ್, ಮೆಟ್ರಿಕ್ ಬೋಲ್ಟಿನದು 1.25. ಒಂದರ ತೂತಿಗೆ ಇನ್ನೊಂದನ್ನು ಬಿಗಿದರೆ ಎರಡು ಸುತ್ತು ಹೋಗಿ ಮೂರನೆಯದಕ್ಕೆ ತೂತಿನ ಸುತ್ತುಗಳು ಕಿತ್ತುಬರುತ್ತವೆ. ಒಟ್ಟಿನಲ್ಲಿ ಥ್ರೆಡ್ ಹೋಗಲು ಕಾರಣ ಬಹುತೇಕ ಸಲ ಆ ತೂತಿನಲ್ಲಿ, ಅದನ್ನು ಬಿಗಿದ ಕೈಯಲ್ಲಿ ಇರುತ್ತದೆಯೇ ಹೊರತು ಇಡೀ ಹೆಡ್ಡಿನ ಆಯುಷ್ಯ ಮುಗಿದದ್ದರಲ್ಲಿ ಅಲ್ಲ.

ಹಾಗಾದರೆ ಇನ್ಸರ್ಟ್ ಹಾಕಿದ ತೂತು ಮೂಲದಷ್ಟು ಬಲವಾಗಿರುತ್ತದೆಯೇ? ಸರಳ ಲೆಕ್ಕವೇ ಉತ್ತರ ಹೇಳುತ್ತದೆ. 8 ಮಿಲಿಮೀಟರ್ ಬೋಲ್ಟಿಗೆ ಹೊಸ ತೂತಾದರೆ 6.8 ಮಿಲಿಮೀಟರ್ ಡ್ರಿಲ್ ಬಿಟ್ಟು ಟ್ಯಾಪ್ ಹೊಡೆಯುತ್ತಾರೆ. ತಂತಿಯ ಇನ್ಸರ್ಟ್ ಕೂರಿಸಬೇಕಾದರೆ ಸುಮಾರು 8.3 ಮಿಲಿಮೀಟರಿಗೆ ಕೊರೆದು ಅದಕ್ಕೆಂದೇ ಮಾಡಿದ ಟ್ಯಾಪ್ ಹೊಡೆಯಬೇಕು. ಆಗ ಅಲ್ಯೂಮಿನಿಯಮ್ಮಿನಲ್ಲಿ ಮೂಡುವ ಹೊಸ ಥ್ರೆಡ್ಡಿನ ಹೊರವ್ಯಾಸ ಸುಮಾರು 9.6 ಮಿಲಿಮೀಟರ್. ಎಂದರೆ ಮೆತ್ತಗಿನ ಲೋಹದಲ್ಲಿ ಹೊರೆ ಹೊರುವ ಹರವು, ಆಳ ಅಷ್ಟೇ ಇದ್ದರೂ, ಹತ್ತಿರಹತ್ತಿರ ಶೇ. 20ರಷ್ಟು ಹೆಚ್ಚಾಯಿತು. ಬೋಲ್ಟು ಇನ್ನುಮುಂದೆ ಉಜ್ಜುವುದು ಅಲ್ಯೂಮಿನಿಯಮ್ಮನ್ನಲ್ಲ, ಸ್ಟೇನ್‌ಲೆಸ್ ಉಕ್ಕನ್ನು. ಆದ್ದರಿಂದ ಬಿಚ್ಚಿ ಹಾಕಿದಷ್ಟು ಸಲವೂ ತೂತು ಸವೆಯುವ ಚಿಂತೆ ಇಲ್ಲ. ಮಾಮೂಲಿ ಜೋಡಣೆಯಲ್ಲಿ ಹೊರೆಯ ಮೂರನೆಯ ಒಂದು ಭಾಗದಷ್ಟನ್ನು ಮೊದಲ ಸುತ್ತೇ ಹೊರುತ್ತದೆ, ಕೊನೆಯ ಸುತ್ತುಗಳು ಹೆಚ್ಚುಕಡಿಮೆ ಸುಮ್ಮನಿರುತ್ತವೆ. ಸ್ಪ್ರಿಂಗಿನಂತೆ ತುಸು ಬಾಗುವ ತಂತಿಯ ಇನ್ಸರ್ಟ್ ಆ ಹೊರೆಯನ್ನು ಉಳಿದ ಸುತ್ತುಗಳಿಗೂ ಹಂಚುತ್ತದೆ. ಹೆಚ್ಚು ಒತ್ತಡ, ಹೆಚ್ಚು ಕಾವು ಇರುವ ಕಡೆ ತಂತಿಯ ಬದಲು ಗಟ್ಟಿ ಬುಷ್ ಹಾಕುವ ಪದ್ಧತಿಯೂ ಇದೆ.

ಬರೀ ಲೆಕ್ಕ ಸಾಲದು, ಬಳಕೆಯ ಸಾಕ್ಷಿ ಬೇಕು ಎನ್ನುವವರು ಮೊದಲು ಆಕಾಶದತ್ತ ನೋಡಬಹುದು. ಲೈಕೋಮಿಂಗ್, ಕಾಂಟಿನೆಂಟಲ್ ಕಂಪನಿಗಳ ಸಣ್ಣ ವಿಮಾನದ ಪಿಸ್ಟನ್ ಎಂಜಿನ್ನುಗಳಲ್ಲಿ ಸ್ಪಾರ್ಕ್ ಪ್ಲಗ್ಗಿನ ತೂತಿಗೆ ತಂತಿಯ ಇನ್ಸರ್ಟ್ ಕಾರ್ಖಾನೆಯಿಂದಲೇ ಬರುತ್ತದೆ. ಹಾಳಾದ ಮೇಲೆ ಹಾಕಿದ್ದಲ್ಲ, ಹಾಳಾಗದಿರಲೆಂದೇ ಹಾಕಿದ್ದು. ನೆಲದ ಮೇಲಿನ ಸಾಕ್ಷಿಗೆ ಅಮೆರಿಕಕ್ಕೆ ಹೋಗಬೇಕು. ಫೋರ್ಡ್ ಕಂಪನಿಯ 4.6 ಮತ್ತು 5.4 ಲೀಟರ್‌ನ ಎರಡು ವಾಲ್ವಿನ ವಿ8 ಎಂಜಿನ್ನುಗಳಲ್ಲಿ ಪ್ಲಗ್ ಹಿಡಿಯುವ ಸುತ್ತುಗಳು ತೀರ ಕಡಿಮೆ ಇದ್ದು, ಪ್ಲಗ್ಗುಗಳು ಹೆಡ್ಡಿನಿಂದ ಸಿಡಿದು ಹೊರಬರುತ್ತಿದ್ದವು. 2007ರಲ್ಲಿ ಕಂಪನಿಯೇ ಸೇವಾ ಸೂಚನೆ ಹೊರಡಿಸಿ, ಹೆಡ್ ಬದಲಿಸದೆ ಇನ್ಸರ್ಟ್ ಹಾಕಿ ದುರಸ್ತಿ ಮಾಡುವ ಕ್ರಮಕ್ಕೆ ಒಪ್ಪಿಗೆ ಕೊಟ್ಟಿತು. ಕ್ಯಾಡಿಲಾಕ್ ಕಾರುಗಳ ನಾರ್ತ್‌ಸ್ಟಾರ್ ಎಂಜಿನ್ನಿನಲ್ಲಿ ಹೆಡ್ ಬೋಲ್ಟುಗಳು ಅಲ್ಯೂಮಿನಿಯಂ ಬ್ಲಾಕಿನಿಂದ ಕಿತ್ತುಬರುತ್ತಿದ್ದಾಗ ಜನರಲ್ ಮೋಟರ್ಸ್ ತನ್ನ ದುರಸ್ತಿ ಕ್ರಮದಲ್ಲೇ ಗಟ್ಟಿ ಬುಷ್‌ಗಳನ್ನು ಸೇರಿಸಿತು. ಹೆಡ್ ಬೋಲ್ಟಿಗಿಂತ ಹೆಚ್ಚು ಹೊರೆ ಹೊರುವ ಬೋಲ್ಟು ಎಂಜಿನ್ನಿನಲ್ಲಿ ಹೆಚ್ಚಿಲ್ಲ. ಅಲ್ಲಿಯೇ ಒಪ್ಪಿತವಾದ ದುರಸ್ತಿಯನ್ನು ಆಯಿಲ್ ಸಂಪಿನ ಡ್ರೈನ್ ಪ್ಲಗ್ಗಿಗೋ ಮ್ಯಾನಿಫೋಲ್ಡಿನ ಸ್ಟಡ್ಡಿಗೋ ಅನುಮಾನದಿಂದ ನೋಡುವುದಕ್ಕೆ ಆಧಾರವಿಲ್ಲ.

ಆದರೆ ಈ ಕೆಲಸಕ್ಕೆ ನಮ್ಮಲ್ಲಿ ಕೆಟ್ಟ ಹೆಸರು ಬಂದಿರುವುದು ಸುಮ್ಮನೆ ಅಲ್ಲ. ಕೈ ಡ್ರಿಲ್ಲಿನಿಂದ ಅಂದಾಜಿಗೆ ಕೊರೆದರೆ ತೂತು ಓರೆಯಾಗುತ್ತದೆ; ಓರೆ ತೂತಿಗೆ ಹೋದ ಬೋಲ್ಟಿನ ತಲೆ ಒಂದೇ ಬದಿಗೆ ಒತ್ತಿ ಗ್ಯಾಸ್ಕೆಟ್ ಸೋರುತ್ತದೆ. ತೂತನ್ನು ಓವರ್‌ಸೈಜ್ ಮಾಡಿ 8ರ ಜಾಗಕ್ಕೆ 10 ಮಿಲಿಮೀಟರ್ ಬೋಲ್ಟು ಹಾಕಿದರೆ ಸುತ್ತಲಿನ ಗೋಡೆ ತೆಳುವಾಗುತ್ತದೆ, ಜೋಡಿಯಾಗಬೇಕಾದ ಭಾಗದ ತೂತನ್ನೂ ದೊಡ್ಡದು ಮಾಡಬೇಕಾಗುತ್ತದೆ, ಮುಂದೆ ಬಿಚ್ಚುವ ಮೆಕ್ಯಾನಿಕ್ಕಿಗೆ ಯಾವ ಬೋಲ್ಟಿದೆ ಎಂಬ ಸುಳಿವೇ ಇರುವುದಿಲ್ಲ. ಮುರಿದ ಸ್ಟಡ್ಡಿಗೆ ಎಣ್ಣೆ ಬಿಟ್ಟು, ಕಾವು ಕೊಟ್ಟು, ನಟ್ಟೊಂದನ್ನು ವೆಲ್ಡ್ ಮಾಡಿ ನಿಧಾನವಾಗಿ ತಿರುಗಿಸಿ ತೆಗೆಯಬೇಕಾದ ಕಡೆ ಅವಸರಕ್ಕೆ ಟ್ಯಾಪ್ ಹೊಡೆದು, ಆ ಟ್ಯಾಪೂ ಒಳಗೇ ಮುರಿದರೆ ಕಷ್ಟ ಇಮ್ಮಡಿ. ಟ್ಯಾಪಿನ ಉಕ್ಕಿಗೆ ಮಾಮೂಲಿ ಡ್ರಿಲ್ ನಾಟದು, ಬೆಂಗಳೂರಿನ ಪೀಣ್ಯದಂಥ ಕೈಗಾರಿಕಾ ಪ್ರದೇಶಗಳಲ್ಲಿ ಇರುವ ಸ್ಪಾರ್ಕ್ ಎರೋಷನ್ ಯಂತ್ರದ ಮೊರೆ ಹೋಗಬೇಕು. ಹೆಡ್ ಇಳಿಸದೆ ಪ್ಲಗ್ ತೂತು ಕೊರೆದು ಚೂರುಗಳು ಸಿಲಿಂಡರಿಗೆ ಬಿದ್ದರೆ ಪಿಸ್ಟನ್ನಿಗೂ ಗೀರು. ಇವೆಲ್ಲ ನಿಜ. ಆದರೆ ಇವು ಕೆಲಸದ ದೋಷವಲ್ಲ, ಕೆಲಸವನ್ನು ಕ್ರಮವಾಗಿ ಮಾಡದ್ದರ ದೋಷ. ಅರೆಬೆಂದ ಅನ್ನ ತಿಂದು ಹೊಟ್ಟೆ ನೊಂದಾಗ ಯಾರೂ ಅಕ್ಕಿಯನ್ನು ದೂರುವುದಿಲ್ಲ. ಡ್ರಿಲ್ಲನ್ನು ನೆಟ್ಟಗೆ ಹಿಡಿಯುವ ಗೈಡ್ ಬುಷ್ ಅಥವಾ ಕಂಬದ ಡ್ರಿಲ್ಲಿಂಗ್ ಯಂತ್ರ, ಅಲ್ಯೂಮಿನಿಯಮ್ಮಿಗೆ ಸೀಮೆಎಣ್ಣೆ, ಚೂರು ಹಿಡಿಯಲು ಟ್ಯಾಪಿನ ಕಾಲುವೆಗೆ ಗ್ರೀಸು, ಕೊನೆಗೆ ಟಾರ್ಕ್ ರೆಂಚಿನ ಬಿಗಿ: ಇಷ್ಟಿದ್ದರೆ ಮೇಲಿನ ಬಹುಪಾಲು ದೂರುಗಳು ಇಲ್ಲವಾಗುತ್ತವೆ.

ಸುರಕ್ಷತೆಯ ಆಕ್ಷೇಪಕ್ಕೆ ಇದಕ್ಕಿಂತ ಹೆಚ್ಚಿನ ತೂಕವಿದೆ, ಅದನ್ನು ಒಪ್ಪಿಕೊಂಡೇ ಮುಂದೆ ಹೋಗಬೇಕು. ಚಕ್ರದ ಹಬ್, ಬ್ರೇಕ್ ಕ್ಯಾಲಿಪರ್ ಕೂರುವ ಜಾಗ, ಸ್ಟಿಯರಿಂಗಿನ ಕೀಲುಗಳು, ಸೀಟ್ ಬೆಲ್ಟಿನ ಆಧಾರ ಇವುಗಳ ಥ್ರೆಡ್ ಹೋದರೆ ತಯಾರಕರ ಲಿಖಿತ ಅನುಮತಿ ಇಲ್ಲದೆ ರಿಪೇರಿಗೆ ಕೈ ಹಾಕಬಾರದು, ಭಾಗವನ್ನೇ ಬದಲಿಸಬೇಕು. ಅಲ್ಲಿ ಬೋಲ್ಟು ಸಡಿಲವಾದರೆ ಎಣ್ಣೆ ಸೋರುವುದಿಲ್ಲ, ಜೀವ ಹೋಗುತ್ತದೆ. ಬಿರುಕು ಬಿಟ್ಟ, ನೀರಿನ ದಾರಿಯವರೆಗೂ ತುಕ್ಕು ತಿಂದ ಹೆಡ್ಡಿಗೂ ಇನ್ಸರ್ಟ್ ಮದ್ದಲ್ಲ. ಆದರೆ ಈ ಮಿತಿಯೇ ನನ್ನ ವಾದಕ್ಕೆ ಇಂಬು ಕೊಡುತ್ತದೆ. ಎಲ್ಲಿ ಮಾಡಬಹುದು, ಎಲ್ಲಿ ಕೂಡದು ಎಂದು ಬಿಡಿಸಿ ಹೇಳುವ ಬರಹದ ನಿಯಮ ಇಲ್ಲದ ಕಡೆ ಎರಡೂ ಅತಿರೇಕಗಳು ಒಟ್ಟಿಗೇ ಬೆಳೆಯುತ್ತವೆ. ಉಳಿಸಬಹುದಾದ ಹೆಡ್ಡು ಗುಜರಿಗೆ ಹೋಗುತ್ತದೆ, ಬದಲಿಸಲೇಬೇಕಾದ ಕ್ಯಾಲಿಪರ್ ಬ್ರಾಕೆಟ್ಟಿಗೆ ಎಪಾಕ್ಸಿ ಮೆತ್ತಲಾಗುತ್ತದೆ.

ಸರ್ವಿಸ್ ಸೆಂಟರುಗಳ ಪರವಾಗಿ ಹೇಳುವ ಮಾತೂ ಇದೆ. ದುರಸ್ತಿಗೆ ತಗಲುವ ಸಮಯ ಮೊದಲೇ ಹೇಳಲಾಗದು, ಕೆಲಸ ಕೆಟ್ಟರೆ ಹೊಣೆ ತಮ್ಮದಾಗುತ್ತದೆ, ಭಾಗ ಬದಲಿಸಿದರೆ ಅದಕ್ಕೆ ಕಂಪನಿಯ ವಾರಂಟಿ ಇರುತ್ತದೆ ಎಂಬುದು ಅವರ ಲೆಕ್ಕ. ವಾರಂಟಿಯೊಳಗಿನ ಹೊಸ ಕಾರಿಗೆ ಈ ಲೆಕ್ಕ ಸರಿ. 15 ವರ್ಷ ದಾಟಿದ ಕಾರಿಗೆ ಸರಿಯಲ್ಲ, ಏಕೆಂದರೆ ಅಲ್ಲಿ ಹೊಸ ಹೆಡ್ಡಿನ ಬೆಲೆ ಕಾರಿನ ಮಾರುಕಟ್ಟೆ ಬೆಲೆಯನ್ನು ಅಣಕಿಸುತ್ತದೆ, ಎಷ್ಟೋ ಮಾದರಿಗಳಿಗೆ ಹೊಸ ಹೆಡ್ಡೇ ಸಿಗುವುದಿಲ್ಲ. ಬಿಡಿಭಾಗ ಮಾರಾಟದ ಲಾಭವೂ ಈ ಲೆಕ್ಕದೊಳಗೆ ಇದೆ ಎನ್ನುವುದನ್ನು ಮರೆಯುವಂತಿಲ್ಲ. ಬಿಡಿಭಾಗಗಳನ್ನೂ ದುರಸ್ತಿ ಉಪಕರಣಗಳನ್ನೂ ಹೊರಗಿನ ಗ್ಯಾರೇಜುಗಳಿಗೆ ಸಿಗದಂತೆ ಬಿಗಿಹಿಡಿದ ಕಾರಣಕ್ಕೆ ಭಾರತೀಯ ಸ್ಪರ್ಧಾ ಆಯೋಗ 2014ರ ಆಗಸ್ಟ್‌ನಲ್ಲಿ 14 ಕಾರು ತಯಾರಕರಿಗೆ ಒಟ್ಟು ಸುಮಾರು 2,545 ಕೋಟಿ ರೂಪಾಯಿ ದಂಡ ವಿಧಿಸಿತ್ತು. 2022ರಲ್ಲಿ ಕೇಂದ್ರದ ಗ್ರಾಹಕ ವ್ಯವಹಾರಗಳ ಇಲಾಖೆ ದುರಸ್ತಿಯ ಹಕ್ಕಿನ ಬಗ್ಗೆ ಸಮಿತಿ ರಚಿಸಿದಾಗ ಅದು ಆರಿಸಿಕೊಂಡ ನಾಲ್ಕು ಕ್ಷೇತ್ರಗಳಲ್ಲಿ ವಾಹನವೂ ಒಂದು. ಅದೇ ವರ್ಷದ ಕೊನೆಗೆ ಅದಕ್ಕೊಂದು ಪೋರ್ಟಲ್ ಕೂಡ ಬಂತು. ಆದರೆ ಬಿಡಿಭಾಗ ಸುಲಭವಾಗಿ ಸಿಗುವುದಷ್ಟೇ ದುರಸ್ತಿಯ ಹಕ್ಕಲ್ಲ. ಇರುವ ಭಾಗವನ್ನೇ ಉಳಿಸಿಕೊಳ್ಳುವ ಆಯ್ಕೆ ಅಂದಾಜುಪಟ್ಟಿಯಲ್ಲಿ ಕಾಣಿಸಿಕೊಳ್ಳದಿದ್ದರೆ ಆ ಹಕ್ಕು ಅರೆಬರೆ.

ಹಳೆಯ ಕಾರುಗಳನ್ನು ಉಳಿಸುವುದೇ ತಪ್ಪು, ಅವು ಹೊಗೆ ಉಗುಳುತ್ತವೆ ಎಂಬ ಆಕ್ಷೇಪವೂ ಬರುತ್ತದೆ. 2021ರ ಆಗಸ್ಟ್‌ನಲ್ಲಿ ಗುಜರಿ ನೀತಿ ಬಂದಿದೆ, 2022ರ ಏಪ್ರಿಲ್‌ನಲ್ಲಿ 15 ವರ್ಷ ದಾಟಿದ ಕಾರಿನ ನೋಂದಣಿ ನವೀಕರಣ ಶುಲ್ಕ 5,000 ರೂಪಾಯಿಗೆ ಏರಿತು. ಹೊಗೆ ಮಿತಿ ಮೀರಿದ ವಾಹನ ರಸ್ತೆಯಿಂದ ಹೋಗಲಿ, ಅದರಲ್ಲಿ ತಕರಾರಿಲ್ಲ. ಅದನ್ನು ತೀರ್ಮಾನಿಸಬೇಕಾದದ್ದು ಹೊಗೆ ತಪಾಸಣೆ ಮತ್ತು ಕ್ಷಮತೆಯ ಪರೀಕ್ಷೆಯೇ ಹೊರತು ಒಂದು ಬೋಲ್ಟಿನ ತೂತಲ್ಲ. ತಪಾಸಣೆಯಲ್ಲಿ ಪಾಸಾಗುವ ಕಾರು ದುರಸ್ತಿಯ ಆಯ್ಕೆಯಿಲ್ಲದ ಒಂದೇ ಕಾರಣಕ್ಕೆ ಗುಜರಿ ಸೇರಿದರೆ ಅದು ಪರಿಸರ ನೀತಿಯ ಗೆಲುವಲ್ಲ. ಸಡಿಲ ಮ್ಯಾನಿಫೋಲ್ಡು, ಸೋರುವ ಪ್ಲಗ್ಗು, ಹನಿಯುವ ಆಯಿಲ್ ಸಂಪು ಮಾಲಿನ್ಯ ಹೆಚ್ಚಿಸುತ್ತವೆ. ಸರಿಯಾದ ಥ್ರೆಡ್ ಅದನ್ನು ತಗ್ಗಿಸುತ್ತದೆ. ಹೆಡ್ಡನ್ನು ಕರಗಿಸಿದರೆ ಅಲ್ಯೂಮಿನಿಯಂ ಮರುಬಳಕೆಯಾಗುತ್ತದಲ್ಲ ಎಂದು ಕೇಳಬಹುದು. ಹೌದು, ಅದಿರಿನಿಂದ ತೆಗೆಯುವುದಕ್ಕೆ ಬೇಕಾಗುವ ಶಕ್ತಿಯ ಶೇ. 5ರಷ್ಟರಲ್ಲೇ ಮರುಬಳಕೆ ಸಾಧ್ಯ, ಹಾಗಾಗಿ ದುರಸ್ತಿಯಿಂದ ಉಳಿಯುವ ಲೋಹದ ಬಗ್ಗೆ ಹಿಗ್ಗಿಸಿ ಹೇಳಬೇಕಿಲ್ಲ. ಕುಲುಮೆಯಲ್ಲಿ ಲೋಹ ಉಳಿಯುತ್ತದೆ. ಆ ಲೋಹಕ್ಕೆ ವಾಲ್ವ್ ಸೀಟು, ಗೈಡು, ಸಮತಟ್ಟಾದ ಮೇಲ್ಮೈ ಕೊಟ್ಟ ಯಂತ್ರಗಳ ಕೆಲಸವೆಲ್ಲ ಕರಗಿಹೋಗುತ್ತದೆ.

ಈ ಕೆಲಸಕ್ಕೆ ಬೇಕಾದ ನೆಲೆ ಕರ್ನಾಟಕದಲ್ಲಿ ಹೊಸದಾಗಿ ಕಟ್ಟಬೇಕಾದ್ದೇನಲ್ಲ. ಹರಿಹರದ ಮೈಸೂರು ಕಿರ್ಲೋಸ್ಕರ್, ಜಾಲಹಳ್ಳಿಯ ಎಚ್‌ಎಂಟಿ ದೇಶಕ್ಕೇ ಲೇತ್ ಯಂತ್ರಗಳನ್ನು ಕೊಟ್ಟ ಕಾರ್ಖಾನೆಗಳು. ನಿಖರ ಲೋಹಗೆಲಸ ಕಲಿಸಲೆಂದೇ 1972ರಿಂದ ಸರ್ಕಾರಿ ಉಪಕರಣಾಗಾರ ಮತ್ತು ತರಬೇತಿ ಕೇಂದ್ರವಿದೆ. ಐಟಿಐಗಳ ಎರಡು ವರ್ಷದ ಮೋಟಾರು ವಾಹನ ಮೆಕ್ಯಾನಿಕ್ ಕೋರ್ಸಿನಲ್ಲಿ ಡ್ರಿಲ್ಲಿಂಗ್, ಟ್ಯಾಪಿಂಗ್ ಕಲಿಸಲಾಗುತ್ತದೆ. ಕೊರತೆ ಇರುವುದು ಕೊಂಡಿಯಲ್ಲಿ. ಕಬ್ಬಿಣದ ತುಂಡಿಗೆ ಹೊಸ ತೂತು ಕೊರೆಯಲು ಕಲಿತ ಹುಡುಗ ಹಳೆಯ ಅಲ್ಯೂಮಿನಿಯಂ ಹೆಡ್ಡಿನ ಹಾಳಾದ ತೂತನ್ನು ಉಳಿಸುವುದನ್ನೂ ಪರೀಕ್ಷೆಯಲ್ಲಿ ಮಾಡಿ ತೋರಿಸುವಂತಾಗಬೇಕು. ಗುಜರಿಯಲ್ಲಿ ಬಿದ್ದಿರುವ ಹೆಡ್ಡುಗಳೇ ಅದಕ್ಕೆ ಸಾಕಷ್ಟು ಪಾಠದ ಸಾಮಗ್ರಿ.

ಬೇಡಿಕೆ ದೊಡ್ಡದೇನಲ್ಲ. ವಾರಂಟಿ ಮುಗಿದ ಕಾರಿಗೆ ಯಾವುದೇ ಅಧಿಕೃತ ಸರ್ವಿಸ್ ಸೆಂಟರು ಭಾಗ ಬದಲಿಸುವ ಅಂದಾಜು ಕೊಡುವಾಗ, ಸಾಧ್ಯವಿದ್ದ ಕಡೆ ಥ್ರೆಡ್ ದುರಸ್ತಿಯ ಅಂದಾಜನ್ನೂ ಪಕ್ಕದಲ್ಲೇ ಕೊಡಬೇಕು. ಸಾಧ್ಯವಿಲ್ಲದಿದ್ದರೆ ಕಾರಣ ಬರೆಯಬೇಕು. ತಯಾರಕರು ತಮ್ಮ ಹಳೆಯ ಮಾದರಿಗಳಲ್ಲಿ ಯಾವ ತೂತಿಗೆ ಇನ್ಸರ್ಟ್ ಹಾಕಬಹುದು, ಯಾವುದಕ್ಕೆ ಕೂಡದು ಎಂಬ ಪಟ್ಟಿಯನ್ನೂ ಬಿಗಿಯ ಅಳತೆಯನ್ನೂ ಎಲ್ಲ ಗ್ಯಾರೇಜುಗಳಿಗೆ ಸಿಗುವಂತೆ ಪ್ರಕಟಿಸಬೇಕು. ದುರಸ್ತಿ ಮಾಡಿದ ಗ್ಯಾರೇಜು ಇನ್ಸರ್ಟಿನ ಅಳತೆ, ಉದ್ದ, ಹಾಕಿದ ಬಿಗಿ ಇವನ್ನು ಬಿಲ್ಲಿನಲ್ಲಿ ಬರೆದು ಕೊಡಬೇಕು. ಹೀಗೆ ಬರೆದು ಕೊಟ್ಟ ಕೆಲಸಕ್ಕೆ ಹೊಣೆಗಾರರು ಇರುತ್ತಾರೆ, ಹೊಣೆ ಇರುವ ಕೆಲಸಕ್ಕೆ ತಕ್ಕ ಕೂಲಿ ಕೇಳುವ ಧೈರ್ಯ ಮೆಕ್ಯಾನಿಕ್ಕಿಗೂ ಬರುತ್ತದೆ. ಹೆಡ್ ಬದಲಿಸಬೇಕೋ ಉಳಿಸಬೇಕೋ ಎಂಬ ತೀರ್ಮಾನ ಆಮೇಲೂ ಕಾರಿನ ಮಾಲೀಕರದೇ. ವ್ಯತ್ಯಾಸವೆಂದರೆ ಅವರು ಎರಡೂ ಬೆಲೆಗಳನ್ನು ನೋಡಿ ತೀರ್ಮಾನಿಸುತ್ತಾರೆ.