ನಸುಕಿನ ಕನಸು

ಕನ್ನಡದ ಆಡುಮಾತಿನಲ್ಲಿ ಕನಸು ‘ಬೀಳುತ್ತದೆ’. ಮಳೆ ಬಿದ್ದಂತೆ, ಮಂಜು ಬಿದ್ದಂತೆ, ಅದು ಎಲ್ಲಿಂದಲೋ ಬಂದು ಮಲಗಿದವನ ಮೇಲೆ ಬೀಳತಕ್ಕದ್ದು. ಅದರಲ್ಲಿ ಅವನ ಕೈವಾಡವೇನೂ ಇಲ್ಲವೆಂಬ ಭಾವ ಆ ಕ್ರಿಯಾಪದದಲ್ಲಿಯೇ ಅಡಗಿದೆ. ಹೊರಗಿನಿಂದ ಬಂದದ್ದು ಏನನ್ನೋ ಹೇಳಲು ಬಂದಿರಲೇಬೇಕಲ್ಲವೆ? ಆದುದರಿಂದ ಹಾವೇರಿಗೆ ಸಮೀಪದ ಅಗಡಿಯಂಥ ಊರಿನಲ್ಲಿ ಮಗಳೋ ಸೊಸೆಯೋ ಮುಂಜಾನೆ ಸಪ್ಪೆ ಮೋರೆಯಿಂದ ಕನಸಿನ ಮಾತೆತ್ತಿದರೆ, ಹಿರಿಯರ ಬಾಯಿಂದ ಹೊರಡುವ ಮೊದಲ ಪ್ರಶ್ನೆ ಇದು: “ಯಾವಾಗ ಬಿತ್ತವಾ? ನಸುಕಿನ್ಯಾಗೇನು?”

ನಡುರಾತ್ರಿಯ ಕನಸೆಂದರೆ ಹಿರಿಯರು ಸಮಾಧಾನದ ಉಸಿರು ಬಿಡುವರು. ನಸುಕಿನದೆಂದರೆ ದೇವರಿಗೆ ಎಣ್ಣೆದೀಪ, ಪಂಚಾಂಗದಲ್ಲಿ ಸ್ವಪ್ನಫಲದ ಹುಡುಕಾಟ. ಇದನ್ನು ಓದುಬರಹವಿಲ್ಲದವರ ಮೌಢ್ಯವೆಂದು ತಳ್ಳಿಹಾಕುವಂತಿಲ್ಲ. ಅಗಡಿ ಅಕ್ಷರಕ್ಕೆ ದೂರವಾದ ಊರಲ್ಲ. ಅಲ್ಲಿಯ ಆನಂದವನದಿಂದ 1907ರಲ್ಲಿಯೇ ‘ಸದ್ಬೋಧ ಚಂದ್ರಿಕೆ’ ಎಂಬ ಮಾಸಪತ್ರಿಕೆ ಹೊರಟಿತು, ಕಾದಂಬರಿಕಾರ ಗಳಗನಾಥರು ಅದಕ್ಕಾಗಿ ದುಡಿದರು. ಬೆಂಗಳೂರು, ಹುಬ್ಬಳ್ಳಿಗಳ ಪದವೀಧರರ ಮನೆಗಳಲ್ಲಿಯೂ ಇದೇ ಪ್ರಶ್ನೆ ಬೇರೆ ಉಚ್ಚಾರಣೆಯಲ್ಲಿ ಕೇಳಿಬರುತ್ತದೆ. ಮಾತುಕತೆ ಮುಗಿದ ಸಂಬಂಧವೊಂದು ಅಜ್ಜಿಯ ಕನಸಿನಿಂದ ಮುರಿದುಬೀಳುವುದು, ವೈದ್ಯರು ಗೊತ್ತುಮಾಡಿದ ಶಸ್ತ್ರಚಿಕಿತ್ಸೆಯ ದಿನ ಮುಂದಕ್ಕೆ ಹೋಗುವುದು ನಡೆಯತಕ್ಕ ಸಂಗತಿಗಳೇ. ಹಾಗಿರುವಾಗ ಆ ನಸುಕಿನಲ್ಲಿ ತಲೆಯೊಳಗೆ ನಿಜವಾಗಿ ಏನು ನಡೆಯುತ್ತದೆಂಬುದನ್ನು ವಿಚಾರಿಸುವುದು ಕಾಲಹರಣವಾಗಲಾರದು.

ನಮ್ಮ ಪ್ರಾಚೀನ ವೈದ್ಯರು ಈ ವಿಷಯದಲ್ಲಿ ಪಂಚಾಂಗದವರಿಗಿಂತ ಹೆಚ್ಚು ಜಾಗರೂಕರು. ಚರಕಸಂಹಿತೆಯ ಇಂದ್ರಿಯಸ್ಥಾನದಲ್ಲಿ ಕನಸುಗಳನ್ನು ಏಳು ಬಗೆಯಾಗಿ ವಿಂಗಡಿಸಿದೆ: ಕಂಡದ್ದು, ಕೇಳಿದ್ದು, ಅನುಭವಿಸಿದ್ದು, ಬಯಸಿದ್ದು, ಕಲ್ಪಿಸಿದ್ದು, ಮುಂದಾಗುವುದನ್ನು ಸೂಚಿಸುವುದು, ಮತ್ತು ವಾತಪಿತ್ತಾದಿ ದೋಷಗಳಿಂದ ಹುಟ್ಟಿದ್ದು. ಇವುಗಳಲ್ಲಿ ಮೊದಲಿನ ಐದಕ್ಕೆ ಫಲವೇ ಇಲ್ಲವೆಂದು ಆ ಗ್ರಂಥ ಸ್ಪಷ್ಟವಾಗಿ ಹೇಳುತ್ತದೆ. ಹಗಲುಗನಸು ನಿಷ್ಫಲ, ಅತಿ ಚಿಕ್ಕದೂ ಅತಿ ಉದ್ದದ್ದೂ ನಿಷ್ಫಲ. ಇಷ್ಟು ಜರಡಿ ಹಿಡಿದ ಮೇಲೆ ಉಳಿಯುವ ಕಾಳು ಎಷ್ಟು? ಆದರೂ ಇರುಳಿನ ಮೊದಲ ಭಾಗದ ಕನಸಿಗೆ ಅಲ್ಪಫಲ, ಕಂಡಮೇಲೆ ಮತ್ತೆ ನಿದ್ರೆ ಬಾರದ ಕನಸಿಗೆ ಮಹಾಫಲ ಎಂಬ ನಿಯಮವೂ ಅಲ್ಲಿಯೇ ಇದೆ. ಅಗಡಿಯ ಅಜ್ಜಿಯ ಪ್ರಶ್ನೆ ಅಷ್ಟು ಹಳೆಯದು.

ಈ ನಿಯಮಕ್ಕೆ ವಿಜ್ಞಾನದ ಅರ್ಧ ಸಮ್ಮತಿ ದೊರೆತದ್ದು ಬಹಳ ದೂರದ ಷಿಕಾಗೊ ನಗರದಲ್ಲಿ. ಅಲ್ಲಿಯ ವಿಶ್ವವಿದ್ಯಾನಿಲಯದ ವಿದ್ಯಾರ್ಥಿ ಯೂಜೀನ್ ಆಸರಿನ್‌ಸ್ಕಿ ತನ್ನ ಎಂಟು ವರ್ಷದ ಮಗನನ್ನೇ ಪ್ರಯೋಗಶಾಲೆಯಲ್ಲಿ ಮಲಗಿಸಿ, ಕಣ್ಣಿನ ಸುತ್ತ ತಂತಿಗಳನ್ನು ಅಂಟಿಸಿ, ರಾತ್ರಿಯೆಲ್ಲ ಯಂತ್ರದ ಮುಂದೆ ಕುಳಿತ. ಹುಡುಗ ಗಾಢನಿದ್ರೆಯಲ್ಲಿದ್ದರೂ ಕೆಲವು ಹೊತ್ತು ಅವನ ಕಣ್ಣುಗುಡ್ಡೆಗಳು ಮುಚ್ಚಿದ ರೆಪ್ಪೆಯೊಳಗೆ ಸರಸರನೆ ಹರಿದಾಡುತ್ತಿದ್ದವು. ಗುರುವಾದ ನಥೇನಿಯಲ್ ಕ್ಲೈಟ್‌ಮನ್‌ನೊಡನೆ ಅವನು ಇದನ್ನು ಪ್ರಕಟಿಸಿದ್ದು 1953ರಲ್ಲಿ. ಕಣ್ಣು ಹರಿದಾಡುವ ಆ ಘಟ್ಟದಲ್ಲಿ ಎಬ್ಬಿಸಿ ಕೇಳಿದರೆ ನೂರಕ್ಕೆ ಸುಮಾರು ಎಂಬತ್ತು ಬಾರಿ ಜನ ಒಂದು ಕನಸನ್ನು ಹೇಳುತ್ತಾರೆಂಬುದು ನಾಲ್ಕು ವರ್ಷಗಳಲ್ಲಿ ತಿಳಿಯಿತು. ರೆಮ್ ನಿದ್ರೆಯೆಂದು ಈಗ ವೈದ್ಯರೆಲ್ಲ ಕರೆಯುವುದು ಇದನ್ನೇ. ಉಳಿದ ನಿದ್ರೆಯಲ್ಲಿಯೂ ಕನಸುಂಟು. ಆದರೆ ಅದು ಸಾಮಾನ್ಯವಾಗಿ ಮಸುಕು, ತುಂಡು ತುಂಡು.

ನಸುಕಿನ ಗುಟ್ಟು ಇರುವುದು ಈ ನಿದ್ರೆಯ ಹಂಚಿಕೆಯಲ್ಲಿ. ರಾಟೆಯಂತೆ ಸುತ್ತುವ ನಿದ್ರೆಯ ಒಂದೊಂದು ಸುತ್ತು ಸುಮಾರು 90 ನಿಮಿಷ. ರಾತ್ರಿಗೆ ನಾಲ್ಕೈದು ಸುತ್ತು. ಮೊದಲ ಸುತ್ತುಗಳಲ್ಲಿ ಗಾಢನಿದ್ರೆಯೇ ಹೆಚ್ಚು, ರೆಮ್ ನಿದ್ರೆ ಕೆಲವೇ ನಿಮಿಷ. ರಾತ್ರಿ ಕಳೆದಂತೆ ಗಾಢನಿದ್ರೆ ಕರಗುತ್ತದೆ, ರೆಮ್ ಬೆಳೆಯುತ್ತದೆ. ಬೆಳಗಿನ ಜಾವದಲ್ಲಿ ಅದು ಅರ್ಧ ಗಂಟೆಯನ್ನೂ ಮೀರಬಹುದು. ಅಂದಮೇಲೆ ಅತ್ಯಂತ ಉದ್ದವಾದ, ಕತೆಯಂತೆ ಕೂಡಿಕೊಂಡ, ಬಣ್ಣಬಣ್ಣದ ಕನಸು ಬೀಳುವುದು ನಸುಕಿನಲ್ಲಿಯೇ. ಕೋಳಿ ಕೂಗಿಯೋ ಹಾಲಿನವನು ಕದ ಬಡಿದೋ ಎಚ್ಚರವಾಗುವುದೂ ಆಗಲೇ. ಕನಸಿನ ನಡುವೆ ಎದ್ದವನಿಗೆ ಕನಸು ನೆನಪಿರುತ್ತದೆ. ನಡುರಾತ್ರಿಯದು ಮುಂದಿನ ನಿದ್ರೆಯಲ್ಲಿ ಮುಳುಗಿಹೋಗುತ್ತದೆ. ಅಜ್ಜಿ ಗಮನಿಸಿದ್ದು ಸುಳ್ಳಲ್ಲ: ನಸುಕಿನ ಕನಸಿಗೆ ಬಲ ಹೆಚ್ಚು. ಆ ಬಲ ಮುಂದಾಗುವುದನ್ನು ಹೇಳುವ ಬಲವೆಂದು ತಿಳಿದಲ್ಲಿಯೇ ಲೆಕ್ಕ ತಪ್ಪಿತು.

ಲೆಕ್ಕವೆಂದಾಗ ಒಂದು ಸಣ್ಣ ಗುಣಾಕಾರ. ರಾತ್ರಿಗೆ ನಾಲ್ಕೇ ಕನಸುಗಳೆಂದರೂ ವರ್ಷಕ್ಕೆ 1460. ಆರು ಜನರ ಮನೆಯಲ್ಲಿ 8760. ಅವುಗಳಲ್ಲಿ ಹಾವು, ನೀರು, ಸತ್ತ ಹಿರಿಯರು, ಬರಲಿರುವ ನೆಂಟರು ಎಷ್ಟು ಬಾರಿ ಬಂದಿರಲಾರರು! ಒಂದೆರಡು ತಾಳೆಯಾಗದಿದ್ದರೆ ಅದೇ ಆಶ್ಚರ್ಯ. ತಾಳೆಯಾದದ್ದನ್ನು ಮನೆತನ ಮೂರು ತಲೆಮಾರು ಹೇಳಿಕೊಳ್ಳುತ್ತದೆ; ಆಗದೆ ಹೋದ ಎಂಟು ಸಾವಿರಕ್ಕೆ ಕಡತವಿಲ್ಲ.

ಹಾಗಾದರೆ ಕನಸಿಗೆ ಅರ್ಥವೇ ಇಲ್ಲವೆ? ಇಲ್ಲಿ ಪಂಡಿತರೇ ಜಗಳವಾಡಿದ್ದಾರೆ. ವಿಯೆನ್ನಾದ ವೈದ್ಯ ಸಿಗ್ಮಂಡ್ ಫ್ರಾಯ್ಡ್ 1900ರ ಮುದ್ರೆಯ ತನ್ನ ಹೆಸರಾಂತ ಗ್ರಂಥದಲ್ಲಿ, ಅದುಮಿಟ್ಟ ಬಯಕೆಯೇ ವೇಷ ಮರೆಸಿಕೊಂಡು ಕನಸಾಗುತ್ತದೆಂದ. 1977ರಲ್ಲಿ ಹಾರ್ವರ್ಡಿನ ಹಾಬ್ಸನ್ ಮತ್ತು ಮಕ್ಕಾರ್ಲಿ, ಮಿದುಳುಕಾಂಡದಿಂದ ಏಳುವ ಅಡ್ಡಾದಿಡ್ಡಿ ಪ್ರಚೋದನೆಗಳಿಗೆ ಮೇಲಿನ ಮಿದುಳು ಹೇಗೋ ಒಂದು ಕತೆ ಹೊಂದಿಸುತ್ತದೆ, ಅದೇ ಕನಸು ಎಂದರು. ಇಪ್ಪತ್ತು ವರ್ಷಗಳ ಮೇಲೆ ಮಾರ್ಕ್ ಸೋಲ್ಮ್ಸ್ ಎಂಬ ಸಂಶೋಧಕ, ಮುಂಮಿದುಳಿನ ಕೆಲವು ಭಾಗಗಳು ಕೆಟ್ಟ ರೋಗಿಗಳಲ್ಲಿ ರೆಮ್ ನಿದ್ರೆ ಉಳಿದೂ ಕನಸು ನಿಂತುಹೋಗುವುದನ್ನು ತೋರಿಸಿದ. ಬಯಕೆಯ ನರಮಾರ್ಗಕ್ಕೂ ಕನಸಿಗೂ ನಂಟಿದೆಯೆಂದು ವಾದಿಸಿ ಫ್ರಾಯ್ಡನನ್ನು ಅರ್ಧದಷ್ಟು ಮತ್ತೆ ಎಬ್ಬಿಸಿ ನಿಲ್ಲಿಸಿದ. ಮಿದುಳಿನ ಚಿತ್ರಗಳು ತೋರಿಸುವುದಿಷ್ಟು: ರೆಮ್ ನಿದ್ರೆಯಲ್ಲಿ ಭಯ, ಭಾವನೆಗಳ ಕೇಂದ್ರಗಳು ಉರಿಯುತ್ತಿರುತ್ತವೆ, ಸರಿತಪ್ಪು ತೂಗುವ ಹಣೆಯ ಹಿಂದಿನ ಭಾಗ ಮಂಕಾಗಿರುತ್ತದೆ. ಸತ್ತ ತಂದೆ ಜಗುಲಿಯಲ್ಲಿ ಕುಳಿತು ಚಹಾ ಕುಡಿಯುತ್ತಿದ್ದರೂ ಕನಸಿಗನಿಗೆ ಅಚ್ಚರಿಯಾಗದಿರುವುದು, ಎದ್ದಮೇಲೆ ಎದೆ ಮಾತ್ರ ಹೊಡೆದುಕೊಳ್ಳುವುದು ಇದರಿಂದಲೇ. ಕತೆ ಅಸಂಬದ್ಧವಾಗಿರಬಹುದು, ಅದರ ಭಯವಂತೂ ಹಗಲಿನದೇ.

ಅರ್ಥ ಹೇಳುವವರ ಕೈಯಲ್ಲಿ ಕನಸು ಏನಾಗಬಹುದೆಂಬುದಕ್ಕೆ ಜನ್ನನ ‘ಯಶೋಧರಚರಿತೆ’ಗಿಂತ ಒಳ್ಳೆಯ ನಿದರ್ಶನ ಸಿಕ್ಕಲಾರದು. 1209ರ ಆ ಕಾವ್ಯದಲ್ಲಿ ಯಶೋಧರ ರಾಜ ತನ್ನ ರಾಣಿ ಅಮೃತಮತಿ ಮಾವುತನಲ್ಲಿಗೆ ಹೋಗುವುದನ್ನು ಕಣ್ಣಾರೆ ಕಾಣುತ್ತಾನೆ. ಮಗನ ಮುಖ ಬಾಡಿದ್ದನ್ನು ತಾಯಿ ಚಂದ್ರಮತಿ ವಿಚಾರಿಸಿದಾಗ, ನಿಜವನ್ನು ನುಡಿಯಲಾರದೆ, ಹಂಸೆಯ ನೆವದಲ್ಲಿ ಒಂದು ಕನಸನ್ನು ಕಟ್ಟಿ ಹೇಳುತ್ತಾನೆ. ಕಂಡದ್ದನ್ನು ಮರೆಸಿ ಹೇಳುವ ಆ ಜಾಣ್ಮೆಯನ್ನು ಫ್ರಾಯ್ಡ್ ಓದಿದ್ದರೆ ಬಹಳ ಮೆಚ್ಚುತ್ತಿದ್ದ. ತಾಯಿಯಾದರೋ ಅದನ್ನು ದುಃಸ್ವಪ್ನವೆಂದೇ ಹಿಡಿದು ದೇವಿಗೆ ಬಲಿಯಾಗಬೇಕೆಂದು ಹಟ ಹಿಡಿಯುತ್ತಾಳೆ. ಜೀವಹಿಂಸೆಗೆ ಅವನು ಒಪ್ಪದಿರಲು ಹಿಟ್ಟಿನ ಕೋಳಿಯ ಬಲಿ. ತಾಯಿಮಕ್ಕಳು ಜನ್ಮಜನ್ಮಾಂತರಗಳಲ್ಲಿ ಪಡುವ ಪಾಡೆಲ್ಲ ಅಲ್ಲಿಂದ ಮೊದಲಾಗುತ್ತದೆ. ಬೀಳದೆ ಇದ್ದ ಕನಸೊಂದು ಇಷ್ಟು ಮಾಡಿತು! ಅವನ ಸಂಕಟವೇನೆಂದು ತಾಯಿ ಇನ್ನೊಮ್ಮೆ ಕೇಳಿದ್ದರೆ ಕಾವ್ಯವೇ ಇರುತ್ತಿರಲಿಲ್ಲವೆಂಬುದು ಬೇರೆ ಮಾತು.

ಎಲ್ಲ ಸ್ವಪ್ನಾರ್ಥವೂ ಭಯದಿಂದಲೇ ಹುಟ್ಟಿತೆನ್ನಲಾಗದು. ಅಗಡಿಯ ಸೀಮೆಯಲ್ಲಿಯೇ ಇರುವ ಕಾಗಿನೆಲೆಯ ಐತಿಹ್ಯದಲ್ಲಿ ಆದಿಕೇಶವನು ಕನಕನ ಕನಸಿಗೆ ಬಂದು ದಾಸನಾಗೆಂದು ಕರೆದನಂತೆ. ನಾಯಕನಾಗಿದ್ದವನು ಒಡನೆಯೇ ಒಪ್ಪಲಿಲ್ಲವಂತೆ. ಯುದ್ಧದ ಗಾಯಗಳಾಗಬೇಕಾಯಿತು. ಭಕ್ತರ ಕಣ್ಣಿಗೆ ಅದು ದೇವರ ಕರೆ. ಮನಶ್ಶಾಸ್ತ್ರಜ್ಞನ ಕಣ್ಣಿಗೆ ಒಳಗೆ ಆಗಲೇ ನಡೆದಿದ್ದ ತೊಳಲಾಟ. ಎರಡರಲ್ಲಿಯೂ ಆ ಕನಸು ಕನಕನದೇ ಹೊರತು ಪಂಚಾಂಗದ ಪಟ್ಟಿಯದಲ್ಲ.

ಪಟ್ಟಿಯ ಮಾತು ಬಂದುದರಿಂದ ಹಲ್ಲಿನ ಕನಸನ್ನು ಬಿಡುವಂತಿಲ್ಲ. ಹಲ್ಲು ಉದುರಿದಂತೆ ಕಂಡರೆ ಮನೆಯ ಹಿರಿಯರಿಗೆ ಕೇಡೆಂಬುದು ಎಷ್ಟೋ ಮನೆಗಳ ನಂಬಿಕೆ. 2018ರಲ್ಲಿ ಇಸ್ರೇಲಿನ ಇಬ್ಬರು ಸಂಶೋಧಕರು ಇದನ್ನೇ ಪರೀಕ್ಷಿಸಿ, ಇಂಥ ಕನಸು ಕಾಣುವವರಿಗೆ ಏಳುವಾಗ ಹಲ್ಲು, ದವಡೆಗಳಲ್ಲಿ ಬಿಗಿತ, ನೋವು ಹೆಚ್ಚಾಗಿರುವುದನ್ನು ಕಂಡರು; ಮನಸ್ಸಿನ ಕ್ಲೇಶಕ್ಕೂ ಅದಕ್ಕೂ ಅಂಥ ನಂಟು ಕಾಣಲಿಲ್ಲ. ದೋಷಜವೆಂದು ಚರಕಸಂಹಿತೆ ಕರೆದ ವರ್ಗಕ್ಕೆ ಸೇರಿಸಬಹುದಾದ ಕನಸು. ಹಾಗೆಯೇ ಖಾರದ ಊಟ. 1992ರಲ್ಲಿ ಪ್ರಕಟವಾದ ಆಸ್ಟ್ರೇಲಿಯದ ಪ್ರಯೋಗವೊಂದರಲ್ಲಿ ಆರು ಮಂದಿ ತರುಣರಿಗೆ ರಾತ್ರಿಯೂಟದೊಡನೆ ಮೆಣಸಿನಕಾಯಿಯ ಸಾಸ್, ಸಾಸಿವೆಗಳನ್ನು ತಿನ್ನಿಸಲು ಅವರ ನಿದ್ರೆ ಕೆಟ್ಟಿತು. ಮೈಕಾವು ಏರಿದ್ದೇ ಕಾರಣವಿರಬೇಕೆಂದು ಅವರ ಊಹೆ. ನಿದ್ರೆ ಹರಿದಷ್ಟೂ ಕನಸು ನೆನಪಿನಲ್ಲಿ ಉಳಿಯುತ್ತದೆ. ಬ್ಯಾಡಗಿ ಮೆಣಸಿನಕಾಯಿಗೆ ಈ ಅಪವಾದ ತಟ್ಟಲಾರದು. ಅದರ ಹೆಗ್ಗಳಿಕೆ ಬಣ್ಣದಲ್ಲಿ, ಖಾರದಲ್ಲಲ್ಲ.

ಬಾಣಂತನಕ್ಕೆಂದು ತವರಿಗೆ ಬಂದ ಮಗಳ ಕನಸುಗಳು ಮನೆಮಂದಿಯನ್ನೆಲ್ಲ ಕಂಗೆಡಿಸುವುದುಂಟು. ಕೂಸು ಕಳೆದುಹೋಯಿತು, ಬಾವಿಗೆ ಬಿತ್ತು ಎಂದು ನಡುಗುತ್ತ ಏಳುತ್ತಾಳೆ. ದಿನತುಂಬಿದ ಬಸಿರಿಗೆ ರಾತ್ರಿಯಲ್ಲಿ ಹತ್ತು ಬಾರಿ ಎಚ್ಚರ. ಒಂದೊಂದು ಎಚ್ಚರವೂ ಒಂದು ಕನಸನ್ನು ಹಿಡಿದುಕೊಂಡೇ ಮೇಲೇಳುತ್ತದೆ. ಇಂಥ ಕನಸುಗಳು ಗರ್ಭಿಣಿಯರಲ್ಲಿ ಸಾಮಾನ್ಯವೆಂದು ಆಕೆಗೆ ತಿಳಿಸಿ, ಹಗಲಿನಲ್ಲಿ ಏನು ಹೆದರಿಕೆಯೆಂದು ಕೇಳುವುದು ತಾಯಿಯಾದವಳು ಮಾಡತಕ್ಕ ಕೆಲಸ. ಫಲ ಹುಡುಕಿ ಪಿಸುಗುಟ್ಟುವುದರಿಂದ ಆಕೆಯ ಉಳಿದ ನಿದ್ರೆಯೂ ಹೋದೀತು. ಎಚ್ಚರವಾಗಿಯೂ ಕೈಕಾಲು ಅಲುಗದೆ, ಎದೆಯ ಮೇಲೆ ಯಾರೋ ಕುಳಿತಂತಾಗುವ ಅನುಭವವೂ ದೆವ್ವದ್ದಲ್ಲ. ರೆಮ್ ನಿದ್ರೆಯಲ್ಲಿ ನಾವು ಎದ್ದು ಓಡದಂತೆ ಮಿದುಳು ಸ್ನಾಯುಗಳನ್ನು ಸಡಿಲಿಸಿ ಕಟ್ಟಿಹಾಕಿರುತ್ತದೆ. ಪ್ರಜ್ಞೆ ಮೊದಲು ಎದ್ದು ಕಟ್ಟು ಅರೆಗಳಿಗೆ ತಡವಾಗಿ ಬಿಚ್ಚಿದರೆ ಹೀಗಾಗುತ್ತದೆ.

ನಿಜವಾಗಿ ಗಮನಿಸಬೇಕಾದದ್ದು ಆ ಕಟ್ಟು ಮೊದಲೇ ಬಿಚ್ಚಿಕೊಂಡಾಗ. ಫ್ರಾನ್ಸಿನ ಮಿಶೆಲ್ ಜುವೆ ಬೆಕ್ಕುಗಳ ಮಿದುಳುಕಾಂಡದ ಒಂದು ಚಿಕ್ಕ ಭಾಗವನ್ನು ಕೆಡಿಸಲು, ಅವು ನಿದ್ರೆಯಲ್ಲಿಯೇ ಎದ್ದು ಇಲ್ಲದ ಇಲಿಯ ಮೇಲೆ ಹಾರುತ್ತಿದ್ದವು. ಮನುಷ್ಯರಲ್ಲಿಯೂ ಹೀಗಾಗುವುದನ್ನು 1986ರಲ್ಲಿ ಅಮೆರಿಕದ ಶೆಂಕ್ ಮತ್ತು ಮಹೊವಾಲ್ಡ್ ವರ್ಣಿಸಿದರು. ಐವತ್ತು ದಾಟಿದ ಯಜಮಾನರು ನಸುಕಿನಲ್ಲಿ ಕೂಗಿ, ಒದ್ದು, ಪಕ್ಕದಲ್ಲಿ ಮಲಗಿದ ಹೆಂಡತಿಗೆ ಹೊಡೆದು, ಎಬ್ಬಿಸಿದರೆ ಕಳ್ಳರೊಡನೆ ಹೊಡೆದಾಡುತ್ತಿದ್ದೆನೆನ್ನುತ್ತಾರೆ. ಮನೆಯವರು ನಗುತ್ತಾರೆ, ಇಲ್ಲವೆ ಅಂತ್ರ ಕಟ್ಟಿಸುತ್ತಾರೆ. ಇದು ಕೆಲವು ಔಷಧಗಳಿಂದಲೂ ಬರಬಹುದು. ಆದರೆ ಇಂಥವರಲ್ಲಿ ಬಹುಮಂದಿಗೆ ವರ್ಷಗಳು ಕಳೆದಮೇಲೆ ಪಾರ್ಕಿನ್ಸನ್ ಕಾಯಿಲೆ ಅಥವಾ ಅದರ ಬಳಗದ ರೋಗ ಕಾಣಿಸಿಕೊಳ್ಳುತ್ತದೆ. ಕೈನಡುಕಕ್ಕೆ ಎಷ್ಟೋ ಮುಂಚೆ ಬರುವ ಸೂಚನೆ ಇದು. ಧಾರವಾಡದ ಡಿಮ್ಹಾನ್ಸ್‌ನಲ್ಲಾಗಲಿ ಬೆಂಗಳೂರಿನ ನಿಮ್ಹಾನ್ಸ್‌ನಲ್ಲಾಗಲಿ ನರರೋಗ ಬಲ್ಲವರಿಗೆ ತೋರಿಸಬೇಕು. ಅಲ್ಲಿ ಅವರೂ ಯಾವಾಗ ಬೀಳುತ್ತದೆ, ನಸುಕಿನಲ್ಲಿಯೋ ಎಂದು ಕೇಳುವರು. ಉತ್ತರವನ್ನು ಹೆಂಡತಿಯೇ ಹೇಳಬೇಕಾದುದರಿಂದ ಆಕೆಯೂ ಜೊತೆಗೆ ಹೋಗತಕ್ಕದ್ದು. ಅಲ್ಲಿಯವರೆಗೆ ಹಾಸಿಗೆಯನ್ನು ನೆಲದ ಮೇಲೆ ಹಾಸಿ, ಗಾಜಿನ ಹೂಜಿ, ಕಬ್ಬಿಣದ ಪೆಟ್ಟಿಗೆಗಳನ್ನು ತಲೆದಿಂಬಿನ ಹತ್ತಿರದಿಂದ ದೂರ ಸರಿಸಿಡುವುದು ಒಳ್ಳೆಯದು.