ತನಿಖೆಗೆ ಆದೇಶಿಸುವ ಅಧಿಕಾರ ತಾಲ್ಲೂಕಿನಲ್ಲೇ ಇದೆ

ಪೊಲೀಸರು ದೂರು ದಾಖಲಿಸದಿದ್ದರೆ, ದಾಖಲಿಸಿಯೂ ಸರಿಯಾಗಿ ತನಿಖೆ ಮಾಡದಿದ್ದರೆ, ತನಿಖೆಗೆ ಆದೇಶಿಸುವ ಅಧಿಕಾರ ಮ್ಯಾಜಿಸ್ಟ್ರೇಟರಿಗಿದೆ. ದಂಡ ಪ್ರಕ್ರಿಯಾ ಸಂಹಿತೆಯ 156(3)ನೇ ಕಲಮಿನಲ್ಲಿದ್ದ ಇದು 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 175(3)ನೇ ಕಲಮಿಗೆ ಬಂದಿದೆ. ಮಂಡ್ಯ, ಮದ್ದೂರು, ಮಳವಳ್ಳಿಯ ಜೆಎಂಎಫ್‌ಸಿ ನ್ಯಾಯಾಲಯಗಳಿಗೂ ಈ ಅಧಿಕಾರವಿದೆ. ಆದರೂ ದೊಡ್ಡ ಪ್ರಕರಣ ನಡೆದಾಗಲೆಲ್ಲ ಏಳುವ ಕೂಗು ಸಿಐಡಿ, ಸಿಬಿಐ ತನಿಖೆಯದೇ.

2023ರ ಕೊನೆಯಲ್ಲಿ ಬಯಲಾದ ಹೆಣ್ಣು ಭ್ರೂಣ ಹತ್ಯೆ ಜಾಲವನ್ನೇ ನೋಡಬಹುದು. ಮಂಡ್ಯ ತಾಲ್ಲೂಕಿನ ಆಲೆಮನೆಯೊಂದರಲ್ಲಿ ಸ್ಕ್ಯಾನಿಂಗ್ ಯಂತ್ರವಿಟ್ಟು ಭ್ರೂಣಲಿಂಗ ಪತ್ತೆ ನಡೆಯುತ್ತಿತ್ತೆಂಬುದು ಆರೋಪ. ಅದನ್ನು ಭೇದಿಸಿದ್ದು ಬೆಂಗಳೂರಿನ ಬೈಯಪ್ಪನಹಳ್ಳಿ ಪೊಲೀಸರು. ಆಮೇಲೆ ಪ್ರಕರಣ ಸಿಐಡಿಗೆ ಹೋಯಿತು. 2024ರ ಮೇ ತಿಂಗಳಲ್ಲಿ ಪಾಂಡವಪುರದ ಆರೋಗ್ಯ ಇಲಾಖೆ ವಸತಿಗೃಹದಲ್ಲೇ ಇಂಥದೇ ದಂಧೆ ಪತ್ತೆಯಾಯಿತು. ತನಿಖಾ ಸಂಸ್ಥೆ ಬದಲಾದರೂ ಸ್ಥಳೀಯ ನಿಗಾ ಬಿಗಿಯಾಗಲಿಲ್ಲ ಎಂಬುದಕ್ಕೆ ಬೇರೆ ಸಾಕ್ಷ್ಯ ಬೇಕಿಲ್ಲ.

ಭ್ರೂಣಲಿಂಗ ಪತ್ತೆ ನಿಷೇಧಿಸುವ 1994ರ ಕಾಯ್ದೆಯಡಿ ಸಕ್ಷಮ ಪ್ರಾಧಿಕಾರವೇ ನ್ಯಾಯಾಲಯಕ್ಕೆ ದೂರು ಕೊಡಬೇಕು. ಅದು ಸುಮ್ಮನಿದ್ದರೆ, ಕನಿಷ್ಠ 15 ದಿನಗಳ ನೋಟಿಸ್ ಕೊಟ್ಟು ಯಾವ ನಾಗರಿಕರೂ ನೇರವಾಗಿ ದೂರು ಸಲ್ಲಿಸಬಹುದು. ಅಕ್ರಮ ಗರ್ಭಪಾತದಂಥ ಅಪರಾಧಗಳಿಗಾದರೆ ಪೊಲೀಸ್ ತನಿಖೆಯ ದಾರಿ ತೆರೆದೇ ಇದೆ.

ಆ ದಾರಿಗೆ ಕ್ರಮವಿದೆ. ಮೊದಲು ಠಾಣೆ, ಅಲ್ಲಿ ಕೆಲಸವಾಗದಿದ್ದರೆ ಎಸ್ಪಿಗೆ ಲಿಖಿತ ದೂರು, ಆಮೇಲೆ ಪ್ರಮಾಣಪತ್ರದೊಂದಿಗೆ ಮ್ಯಾಜಿಸ್ಟ್ರೇಟರಿಗೆ ಅರ್ಜಿ. ಸಂಜ್ಞೇಯ ಅಪರಾಧದ ಮಾಹಿತಿ ಬಂದರೆ ಎಫ್‌ಐಆರ್ ಕಡ್ಡಾಯವೆಂದು ಲಲಿತಾ ಕುಮಾರಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2013ರಲ್ಲೇ ಹೇಳಿದೆ. ತನಿಖೆ ಸರಿಯಾಗಿ ನಡೆಯುತ್ತಿದೆಯೇ ಎಂದು ಮ್ಯಾಜಿಸ್ಟ್ರೇಟರು ನಿಗಾ ಇಡಬಹುದು ಎಂದದ್ದು ಸಾಕಿರಿ ವಾಸು ಪ್ರಕರಣದ ತೀರ್ಪು. ದೋಷಾರೋಪ ಪಟ್ಟಿ ಸಲ್ಲಿಕೆಯಾದ ಮೇಲೂ, ವಿಚಾರಣೆ ಆರಂಭವಾಗುವ ತನಕ ಹೆಚ್ಚುವರಿ ತನಿಖೆಗೆ ಆದೇಶಿಸಬಹುದೆಂದು 2019ರಲ್ಲಿ ವಿನುಭಾಯಿ ಮಾಳವೀಯ ಪ್ರಕರಣ ಸ್ಪಷ್ಟಪಡಿಸಿತು. ಸಿಬಿಐಗೆ ವಹಿಸುವ ಅಧಿಕಾರ ಮಾತ್ರ ಮ್ಯಾಜಿಸ್ಟ್ರೇಟರಿಗಿಲ್ಲ. ಹೈಕೋರ್ಟ್ ಕೂಡ ಅದನ್ನು ಅಪರೂಪಕ್ಕೆ ಬಳಸಬೇಕೆಂಬುದು 2010ರ ಸಂವಿಧಾನ ಪೀಠದ ಮಾತು.

ಈ ಅವಕಾಶ ಹಗೆ ತೀರಿಸಿಕೊಳ್ಳುವವರಿಗೆ ಅನುಕೂಲವಾಗುತ್ತದೆ ಎಂಬ ಆಕ್ಷೇಪವಿದೆ. ಅದು ಸುಳ್ಳಲ್ಲ. ಅದಕ್ಕೆಂದೇ ಪ್ರಿಯಾಂಕಾ ಶ್ರೀವಾಸ್ತವ ಪ್ರಕರಣದಲ್ಲಿ 2015ರಲ್ಲಿ ಪ್ರಮಾಣಪತ್ರ ಬೇಕೆಂದು ಸುಪ್ರೀಂ ಕೋರ್ಟ್ ಹೇಳಿತು. ಹೊಸ ಸಂಹಿತೆ ಅದನ್ನು ಕಾನೂನಾಗಿಸಿದೆ. ಸುಳ್ಳು ಹೇಳಿದವರು ಶಿಕ್ಷೆಗೆ ಗುರಿಯಾಗುತ್ತಾರೆ. ಹೆಚ್ಚಿನ ಅಪಾಯ ಇನ್ನೊಂದು ಕಡೆಯಿದೆ. ಆದೇಶಕ್ಕೆ ಮೊದಲು ಪೊಲೀಸ್ ಅಧಿಕಾರಿಯ ವಿವರಣೆಯನ್ನೂ ಪರಿಗಣಿಸಬೇಕೆಂದು ಹೊಸ ಸಂಹಿತೆ ಹೇಳುತ್ತದೆ. ಆ ವಿವರಣೆಗಾಗಿ ವಾಯಿದೆ ಮೇಲೆ ವಾಯಿದೆ ಕೊಟ್ಟರೆ ಅಷ್ಟರಲ್ಲಿ ಮೊಬೈಲ್ ದಾಖಲೆ, ಸಿಸಿಟಿವಿ ದೃಶ್ಯ ಅಳಿಸಿಹೋಗುತ್ತವೆ.

ಆದ್ದರಿಂದ ಠಾಣಾಧಿಕಾರಿಯ ವಿವರಣೆಗೆ ಗಡುವು ವಿಧಿಸಬೇಕು, ಅರ್ಜಿ ತಿರಸ್ಕರಿಸಿದರೆ ಕಾರಣ ಬರೆಯಬೇಕು, ತನಿಖೆಗೆ ಆದೇಶಿಸಿದ ಮೇಲೆ ಪ್ರಗತಿ ವರದಿ ಕೇಳಬೇಕು. ಯಾರನ್ನು ಬಂಧಿಸಬೇಕು, ಹೇಗೆ ವಿಚಾರಿಸಬೇಕು ಎಂಬುದು ಪೊಲೀಸರ ಕೆಲಸವಾಗಿಯೇ ಉಳಿಯಲಿ. ಆ ಕೆಲಸ ನಡೆಯುವಂತೆ ನೋಡಿಕೊಳ್ಳುವುದು ತಾಲ್ಲೂಕು ನ್ಯಾಯಾಲಯದ ಹೊಣೆ.