ಬರೆದ ಕೈ, ಉಳಿದ ಹಾಳೆ

ಕುಂದಗೋಳ ತಾಲೂಕಿನ ಸಂಶಿಯ ಸೀಮೆಯಲ್ಲಿ ದೊಡ್ಡಾಟ ಮುಗಿದು, ಬೆಳಗಾಗಿ, ಅಟ್ಟ ಬಿಚ್ಚಿದ ಮೇಲೆ ಉಳಿಯುವುದು ಮಾಸ್ತರರ ಕೈಬರಹದ ಪ್ರತಿಯೊಂದೇ. ಇಂಗ್ಲೆಂಡಿನ ದೂರದರ್ಶನ ನಾಟಕಗಳಿಗೂ ಒಂದು ಕಾಲಕ್ಕೆ ಇದೇ ಗತಿಯಾಗಿತ್ತು. ನೈಜೆಲ್ ನೀಲ್ ಎಂಬ ಲೇಖಕನ ಬಾಳು ಇದಕ್ಕೆ ಸಾಕ್ಷಿ.

ತನ್ನ ಕಥಾಸಂಗ್ರಹಕ್ಕೆ 1950ರಲ್ಲಿ ಸಾಮರ್‌ಸೆಟ್ ಮಾಮ್ ಪ್ರಶಸ್ತಿ ಪಡೆದ ನೀಲ್, ಮರುವರ್ಷ ಬಿ.ಬಿ.ಸಿ.ಯ ನೌಕರಿ ಹಿಡಿದನು. 1953ರಲ್ಲಿ ಅವನ ‘ಕ್ವಾಟರ್‌ಮಾಸ್ ಎಕ್ಸ್‌ಪೆರಿಮೆಂಟ್’ ಆರು ಕಂತುಗಳಲ್ಲಿ ನೇರವಾಗಿ ಪ್ರಸಾರವಾಯಿತು. ರಾಕೆಟ್ಟಿನಲ್ಲಿ ಹೋದವರು ಮೂವರು, ಮರಳಿದವನು ಒಬ್ಬನೇ. ಅವನೂ ದಿನದಿನಕ್ಕೆ ಮಾನವರೂಪವನ್ನು ಕಳೆದುಕೊಳ್ಳತೊಡಗಿದನು. ಕೊನೆಗೆ ವೆಸ್ಟ್‌ಮಿನ್‌ಸ್ಟರ್ ಅಬ್ಬೆಯೊಳಗೆ ಕಾಣಿಸಿಕೊಂಡ ಭೂತಾಕಾರವನ್ನು ಆಡಿಸಿದವನು ಸ್ವತಃ ಲೇಖಕನೇ! ಕೈಗವುಸುಗಳಿಗೆ ಸೊಪ್ಪುಸದೆ ಅಂಟಿಸಿ, ಆ ಇಗರ್ಜಿಯ ದೊಡ್ಡ ಭಾವಚಿತ್ರದಲ್ಲಿ ಕೊರೆದ ಕಂಡಿಗಳೊಳಗಿಂದ ತನ್ನ ಕೈಗಳನ್ನೇ ಚಾಚಿದ್ದನು.

ಮೊದಲ ಎರಡು ಕಂತುಗಳಷ್ಟೇ ಫಿಲ್ಮಿನ ಮೇಲೆ ಉಳಿದವು. ಆ ಕೈಗಳ ಆಟವನ್ನು ಇನ್ನಾರೂ ಕಾಣಲಾರರು. ಆದರೆ ಬರಹ ಅಳಿಯಲಿಲ್ಲ. 1959ರಲ್ಲಿ ಪೆಂಗ್ವಿನ್ ಸಂಸ್ಥೆ ಅದನ್ನು ಪುಸ್ತಕವಾಗಿ ಪ್ರಕಟಿಸಿತು, 2005ರಲ್ಲಿ ಬಿ.ಬಿ.ಸಿ. ಅದನ್ನಾಧರಿಸಿ ಮತ್ತೆ ನೇರಪ್ರಸಾರದ ನಾಟಕವಾಡಿತು. ಮರುವರ್ಷ ನೀಲ್ ತೀರಿಕೊಂಡನು.

ಊರಮನೆಯ ಅಟ್ಟದ ಮೇಲೆ ಹಳೆಯ ಆಟದ ಪ್ರತಿಯೊಂದು ದೂಳು ತಿನ್ನುತ್ತಿದ್ದರೆ, ವಾಚಕರು ಅದನ್ನು ರದ್ದಿಯವನ ತಕ್ಕಡಿಗೆ ಹಾಕುವ ಮುನ್ನ ಒಮ್ಮೆ ಬಿಚ್ಚಿ ನೋಡಲಿ.